ಹಳದಿ ಬಸ್ಸಿನ ಅಕ್ಕೋರು

ನನ್ನನ್ನು ಕೆಲಸಕ್ಕೆ ತೆಗೆದುಕೊಂಡದ್ದು ಸಮಾಜ ವಿಜ್ಞಾನ ಕಲಿಸಲಿಕ್ಕೆ. ಸಂದರ್ಶನದಲ್ಲಿ ಕೇಳಿದ್ದು ಆದಿಲಶಾಹಿ ಕಾಲದ ನೀರಿನ ವ್ಯವಸ್ಥೆಯ ಬಗ್ಗೆ, ಮುಂಗಾರು ಗಾಳಿಯ ಬಗ್ಗೆ. ಬ್ರೇಕು, ಟೈರು, ಡೀಸೆಲ್ ಬಗ್ಗೆ ಯಾರೂ ಒಂದು ಮಾತು ಕೇಳಲಿಲ್ಲ. ಆದರೂ ನಿವೃತ್ತಿಯಾಗುವ ಹೊತ್ತಿಗೆ, ನಮ್ಮ ಸಂಸ್ಥೆಯ ಶಾಲೆಗಳಿದ್ದ ಇಂಡಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ, ಸಿಂದಗಿ ಈ ನಾಲ್ಕೂ ಊರುಗಳಲ್ಲಿ ಜನ ನನ್ನನ್ನು ಗುರುತಿಸುತ್ತಿದ್ದದ್ದು ‘ಬಸ್ಸಿನ ಅಕ್ಕೋರು’ ಎಂದೇ. ನಾನು ಪಾಠ ಹೇಳಿದ್ದೆ ಎಂಬುದು ನನ್ನ ಹಳೆಯ ವಿದ್ಯಾರ್ಥಿಗಳಿಗೂ ಮರೆತುಹೋಗಿರಬೇಕು.

ಈಗಲೂ ಯಾವುದಾದರೂ ಶಾಲೆಯ ಹೊಸ ಶಿಕ್ಷಕಿ ಫೋನು ಮಾಡಿ, “ಮೇಡಂ, ನನಗ ಬಸ್ಸಿನ ಚಾರ್ಜ್ ಕೊಟ್ಟಾರ್ರಿ, ಏನ ಮಾಡ್ಲಿ?” ಎಂದು ಅಳುವ ದನಿಯಲ್ಲಿ ಕೇಳುತ್ತಾಳೆ. “ಮೊದಲು ಒಂದು ಚೀಲ ತಗೋ. ಅದರಾಗ ವಾಂತಿಗೆ ಕವರು, ಚಪ್ಪಲಿಗೆ ಪಿನ್ನು, ಅಳೋರಿಗೆ ಚಾಕ್ಲೇಟು ಇಟ್ಕೋ,” ಎನ್ನುತ್ತೇನೆ. ಉಳಿದದ್ದನ್ನು ಫೋನಿನಲ್ಲಿ ಹೇಳಿ ಮುಗಿಸಲಾಗುವುದಿಲ್ಲ.

ನನಗೆ ಈ ಕೆಲಸ ಬಂದದ್ದು ಇಂಡಿಯಲ್ಲಿ. ಶಿಕ್ಷಕರ ಸಭೆಗೆ ಸಂಸ್ಥೆಯ ಚೇರಮನ್ ಸಾಹೇಬರು ಬಂದಿದ್ದರು. ತೊಗರಿ ವ್ಯಾಪಾರದಲ್ಲಿ ಮೇಲೆ ಬಂದವರು, ಬಿಳಿ ಧೋತರ, ಬಿಳಿ ಅಂಗಿ. ಅವರಿಗೆ ಯಾವ ವಿಷಯವೂ ಹೆಚ್ಚು ಹೊತ್ತು ಚರ್ಚೆಯಾಗುವುದು ಸೇರುತ್ತಿರಲಿಲ್ಲ. ಬಸ್ಸಿನ ಉಸ್ತುವಾರಿ ಯಾರಿಗೆ ಎಂಬ ಮಾತು ಬಂದಾಗ ಎಲ್ಲರೂ ನೆಲ ನೋಡಿದರು. ನಾನು ಮಾತ್ರ ಗೋಡೆಯ ಮೇಲಿನ ನಕಾಶೆ ನೋಡುತ್ತಿದ್ದೆ. ಅದೇ ಎಡವಟ್ಟಾಯಿತು.

“ಅಕ್ಕೋರ, ನೀವು ಭೂಗೋಳದವರು. ಜಗತ್ತಿನ ದಾರಿ ಎಲ್ಲಾ ನಿಮಗ ಗೊತ್ತದಾವ. ಲಚ್ಯಾಣದ ದಾರಿ ಗೊತ್ತಾಗಂಗಿಲ್ಲೇನು?” ಎಂದರು ಸಾಹೇಬರು. ಸಭೆ ಮುಗಿಯಿತು.

ಆಗ ನಮ್ಮಲ್ಲಿದ್ದದ್ದು ಬಸ್ಸುಗಳಲ್ಲ, ಬಾಡಿಗೆಯ ಬಣ್ಣದ ಸಂತೆ. ಲಚ್ಯಾಣದ ಕಡೆ ಹೋಗುತ್ತಿದ್ದದ್ದು ಬಿಳಿ ಟೆಂಪೊ, ಝಳಕಿ ಕಡೆಗೆ ಹಸಿರು ವ್ಯಾನು. ಇನ್ನೊಂದು ನೀಲಿ ಮಿನಿ ಬಸ್ಸು, ಬೇಸಿಗೆಯಲ್ಲಿ ಮದುವೆ ದಿಬ್ಬಣಕ್ಕೆ ಹೋಗಿ ಜೂನಿನಲ್ಲಿ ಶಾಲೆಗೆ ಬರುತ್ತಿತ್ತು. ಹಿಂದಿನ ಗಾಜಿನ ಮೇಲೆ ವಧೂವರರ ಹೆಸರು ದೀಪಾವಳಿವರೆಗೂ ಉಳಿದಿರುತ್ತಿತ್ತು. ಮಕ್ಕಳು ಅದನ್ನು ‘ಮದುವಿ ಗಾಡಿ’ ಎನ್ನುತ್ತಿದ್ದರು. ನಮ್ಮ ಮೂವತ್ತು ಮಕ್ಕಳು ಯಾರದೋ ಮದುವೆಯ ಹೆಸರು ಹೊತ್ತುಕೊಂಡು ದಿನಾ ಗಣಿತ ಕಲಿಯಲು ಬರುತ್ತಿದ್ದರು.

ಆಮೇಲೆ ಕಟ್ಟುನಿಟ್ಟು ಶುರುವಾಯಿತು. ಶಾಲಾ ವಾಹನ ಹಳದಿ ಇರಬೇಕು, ಕಿಟಕಿಗೆ ಅಡ್ಡ ಸರಳು ಇರಬೇಕು, ಬೆಂಕಿ ಆರಿಸುವ ಸಿಲಿಂಡರು, ಔಷಧಿ ಡಬ್ಬಿ, ಮಕ್ಕಳನ್ನು ಹತ್ತಿಸಿ ಇಳಿಸಲು ಒಬ್ಬ ಆಯಾ ಇರಬೇಕು. ಸಂಸ್ಥೆ ಹಳೆಯ ಬಸ್ಸುಗಳನ್ನು ಕೊಂಡಿತು. ಬಣ್ಣದ ಕೆಲಸ ಊರಿನ ಪೇಂಟರ್ ಮಹಾಂತೇಶನಿಗೆ ಬಂತು. ಮಹಾಂತೇಶ ಅಂಗಡಿಯ ಬೋರ್ಡು, ಟ್ರ್ಯಾಕ್ಟರಿನ ಹಿಂದಿನ ಬರಹ, ಚುನಾವಣೆಯ ಗೋಡೆ ಎಲ್ಲ ಬರೆದವನು. “ಹಳದಿ ಏನ ದೊಡ್ಡ ಮಾತ್ರಿ,” ಎಂದು ಒಂದು ಭಾನುವಾರ ಮೊದಲ ಬಸ್ಸು ಮುಗಿಸಿಬಿಟ್ಟ.

ತಪಾಸಣೆಗೆ ಬಂದ ಇನ್‌ಸ್ಪೆಕ್ಟರ್ ಸಾಹೇಬರು ಬಸ್ಸನ್ನು ಒಂದು ಸುತ್ತು ಹಾಕಿ, ಕಪ್ಪು ಕನ್ನಡಕ ತೆಗೆದು ಇನ್ನೊಂದು ಸುತ್ತು ಹಾಕಿದರು.

“ಇದು ಯಾವ ಬಣ್ಣ?”

“ಹಳದಿರಿ ಸಾಹೇಬ್ರ,” ಎಂದ ಮಹಾಂತೇಶ.

“ಯಾವ ಹಳದಿ?”

“ಲಿಂಬಿಹಣ್ಣಿನ ಹಳದಿ. ಲಿಂಬಿ ಬೆಳಿಯೂ ಈ ಇಂಡಿ ಊರಾಗ ಹಳದಿ ಅಂದ್ರ ಇದ ರೀ.”

“ನಮಗ ಬೇಕಾದ್ದು ಬಂಗಾರದ ಹಳದಿ.”

“ಬಂಗಾರ ಅಪರೂಪಕ್ಕ ನೋಡ್ತೇವ್ರಿ. ಲಿಂಬಿ ದಿನಾ ನೋಡ್ತೇವಿ,” ಎಂದ ಮಹಾಂತೇಶ, ಬಹಳ ವಿನಯದಿಂದ.

ಇನ್‌ಸ್ಪೆಕ್ಟರ್ ನಕ್ಕರು. ಆದರೆ ಪಾಸು ಮಾಡಲಿಲ್ಲ. ಮಬ್ಬಿನಲ್ಲಿ, ಮಂಜಿನಲ್ಲಿ ದೂರದಿಂದ ಎದ್ದು ಕಾಣುವುದು ಸ್ವಲ್ಪ ಕಿತ್ತಳೆಯ ಕಡೆಗೆ ವಾಲಿದ ಹಳದಿಯೇ ಎಂದು ತಿಳಿಸಿ ಹೇಳಿ ಹೋದರು. ಮಹಾಂತೇಶ ನನ್ನ ಕೈ ನೋಡಿ, “ಅಕ್ಕೋರ, ನಿಮ್ಮ ಬಳಿ ಒಂದೀಟು ಕೊಡ್ರಿ, ಅದಕ್ಕ ಹೊಂದಿಸಿ ಬಣ್ಣ ಕಲಸ್ತೇನಿ,” ಎಂದ. ಬಳೆ ಬಿಚ್ಚಿ ಕೊಟ್ಟೆ. ಸಂಜೆ ಹೋಗಿ ನೋಡಿದರೆ ಬಸ್ಸು ತೊಗರಿಬೇಳೆ ಸಾರಿನ ಬಣ್ಣ ತಾಳಿತ್ತು. ಅದು ಬಂಗಾರದ ನೀರು ಕುಡಿಸಿದ ಬಳೆ, ಆ ನೀರೂ ಅರ್ಧ ಇಳಿದುಹೋಗಿತ್ತು ಎಂದು ಆಗ ಅವನಿಗೆ ಹೇಳಬೇಕಾಯಿತು. ಕಡೆಗೆ ವಿಜಯಪುರದ ಅಂಗಡಿಯಿಂದ ಕಂಪನಿಯವರೇ ಕಲಸಿದ ಡಬ್ಬಿ ತರಿಸಿದೆವು. ಮೂರು ಹಳದಿ ಒಂದರ ಮೇಲೊಂದು ಕುಡಿದ ಆ ಬಸ್ಸು ನಮ್ಮ ಬಸ್ಸುಗಳಲ್ಲೆಲ್ಲ ದಪ್ಪ ಚರ್ಮದ್ದು.

ಆ ವಾರ ಆರನೆಯ ತರಗತಿಯಲ್ಲಿ ಒಂದು ಹುಡುಗಿ ಎದ್ದು ನಿಂತು, “ಮೇಡಂ, ಎಲ್ಲಾ ದೇಶದಾಗೂ ಸಾಲಿ ಬಸ್ಸು ಹಳದಿನ ಇರ್ತಾವೇನ್ರಿ?” ಎಂದಳು. ಹಳದಿಯ ವಿಷಯದಲ್ಲಿ ಆಗ ತಾನೆ ಪಂಡಿತೆಯಾಗಿದ್ದ ನಾನು, “ಹೌದು, ಎಲ್ಲಾ ಕಡೆ,” ಎಂದುಬಿಟ್ಟೆ. ಮರುದಿನ ಮಕ್ಕಳು ಮನೆಯವರ ಫೋನಿನಲ್ಲಿ ಹುಡುಕಿ ನೋಡಿಕೊಂಡು ಬಂದಿದ್ದರು. ಅಮೆರಿಕ, ಕೆನಡಾಗಳಲ್ಲಿ ಹಳದಿಯೇ, ಆದರೆ ಲಾರಿಯ ಹಾಗೆ ಮುಂದೆ ಮೂಗು ಇರುತ್ತದೆ. ಇಂಗ್ಲೆಂಡಿನಲ್ಲಿ ಬಣ್ಣಕ್ಕೆ ಕಟ್ಟುಪಾಡಿಲ್ಲ, ಎಷ್ಟೋ ಕಡೆ ಬಾಡಿಗೆಯ ಕೋಚುಗಳು, ಗಾಜಿನಲ್ಲಿ ಇಬ್ಬರು ಮಕ್ಕಳ ಚಿತ್ರವಿರುವ ಹಳದಿ ಫಲಕವೊಂದೇ ಗುರುತು. ಜಪಾನಿನಲ್ಲಿ ಪ್ರಾಥಮಿಕ ಶಾಲೆಯ ಮಕ್ಕಳು ಹೆಚ್ಚಾಗಿ ಗುಂಪು ಕಟ್ಟಿಕೊಂಡು ನಡೆದೇ ಹೋಗುತ್ತಾರೆ, ಅಂಗನವಾಡಿ ವಯಸ್ಸಿನವರಿಗೆ ಮಾತ್ರ ಬೆಕ್ಕಿನ ಮುಖ, ನಾಯಿಯ ಮುಖದ ಬಸ್ಸುಗಳೂ ಇರುತ್ತವೆ. “ನಿನ್ನೆ ನಾ ಹೇಳಿದ್ದು ತಪ್ಪು,” ಎಂದೆ. ತರಗತಿಗೆ ಎಷ್ಟು ಆನಂದವಾಯಿತೆಂದರೆ, ಹಿಂದಿನ ಬೆಂಚಿನವರು ಕೇಳಿಸಲಿಲ್ಲವೆಂದು ಇನ್ನೊಮ್ಮೆ ಹೇಳಿಸಿದರು. ಅಂದಿನಿಂದ ಪರದೇಶಕ್ಕೆ ಹೋಗಿ ಬಂದವರು ಯಾರೇ ಸಿಕ್ಕರೂ ನಾನು ಕೇಳುವ ಮೊದಲ ಮಾತು, “ಅಲ್ಲಿ ಸಾಲಿ ಬಸ್ಸು ಹೆಂಗ ಅದಾವ್ರಿ?” ಎಂದು. ಹವಾ ಹೇಗೆ, ಊಟ ಹೇಗೆ ಎಂದು ಕೇಳುವವರು ಬೇರೆ ಇದ್ದರು.

ಈ ತಿಳಿವಳಿಕೆ ಉಪಯೋಗಕ್ಕೆ ಬಂದದ್ದು ಮುದ್ದೇಬಿಹಾಳದಲ್ಲಿ. ಅಲ್ಲಿಗೆ ನನ್ನನ್ನು ವರ್ಗ ಮಾಡಿದಾಗ ಬಸ್ಸುಗಳೆಲ್ಲ ಹೊಚ್ಚ ಹೊಸ ಹಳದಿಯಲ್ಲಿ ಸಾಲಾಗಿ ನಿಂತಿದ್ದವು, ನೋಡಲು ಬಹಳ ಚೆಂದ. ತೊಂದರೆ ಏನೆಂದರೆ, ಓದಲು ಬಾರದ ಚಿಕ್ಕ ಮಕ್ಕಳಿಗೆ ಎಲ್ಲವೂ ಒಂದೇ. ಅಲ್ಲಿಯೂ ಮೊದಲು ಬಿಳಿ ಗಾಡಿ, ಹಸಿರು ಗಾಡಿ ಎಂದು ಗುರುತಿಟ್ಟುಕೊಂಡಿದ್ದವರಿಗೆ ನಾವೇ ಗುರುತು ಅಳಿಸಿಹಾಕಿದ್ದೆವು. ಮೊದಲ ವಾರದಲ್ಲೇ ತಾಳಿಕೋಟಿಗೆ ಹೋಗಬೇಕಾದ ಈರಣ್ಣನೆಂಬ ಪುಟ್ಟ ನಾಲತವಾಡದ ಬಸ್ಸು ಹತ್ತಿಬಿಟ್ಟ. ಮಗ ಬಸ್ಸಿನಿಂದ ಇಳಿಯಲಿಲ್ಲ ಎಂದು ತಾಳಿಕೋಟಿಯಿಂದ ಅವನ ತಂದೆಯ ಫೋನು ಬಂತು. ಬಸ್ಸುಗಳಿಗೆಲ್ಲ ಫೋನು ಮಾಡಿ ಮಾಡಿ ಕಡೆಗೆ ನಾಲತವಾಡದ ಆಯಾ ಹುಸೇನಬೀ ಸಿಕ್ಕಳು.

“ಇಲ್ಲೇ ಅದಾನ್ರಿ ಅಕ್ಕೋರ, ನಮ್ಮನ್ಯಾಗ. ಯಾರ ಮಗ ಅಂತ ಕೇಳಿದ್ರ ‘ಅಪ್ಪಾನ ಮಗ’ ಅಂತಾನ. ಊರು ಕೇಳಿದ್ರ ‘ನಮ್ಮೂರು’ ಅಂತಾನ. ಎರಡು ರೊಟ್ಟಿ ತಿಂದ, ಈಗ ಮಲಕ್ಕೊಂಡಾನ.”

ತಂದೆಯ ಜೊತೆ ನಾನೂ ನಾಲತವಾಡಕ್ಕೆ ಹೋದೆ. ಈರಣ್ಣ ಎದ್ದು, ಅಪ್ಪನನ್ನು ನೋಡಿ, “ನೀ ಯಾಕ ಇಲ್ಲಿಗೆ ಬಂದಿ?” ಎಂದು ಕೇಳಿದ. ತಂದೆ ನಗಲಿಲ್ಲ, ನಾನೂ ನಗಲಿಲ್ಲ. ದಾರಿಯುದ್ದಕ್ಕೂ ನನಗೆ ಜಪಾನಿನ ಆ ಬೆಕ್ಕಿನ ಮುಖ ಕಣ್ಣ ಮುಂದೆ ಬರುತ್ತಿತ್ತು.

ಬಸ್ಸಿನ ಬಣ್ಣ ಬದಲಿಸುವ ಹಾಗಿರಲಿಲ್ಲ. ಆದ್ದರಿಂದ ದಪ್ಪ ರಟ್ಟಿನಲ್ಲಿ ಪ್ರಾಣಿಗಳನ್ನು ಕತ್ತರಿಸಿ, ಬಣ್ಣ ಹಚ್ಚಿ, ಬಾಗಿಲ ಪಕ್ಕದ ಗಾಜಿಗೆ ಒಳಗಿನಿಂದ ಅಂಟಿಸಿದೆವು. ತಾಳಿಕೋಟಿಗೆ ಆನೆ, ನಾಲತವಾಡಕ್ಕೆ ಹುಂಜ, ಢವಳಗಿಗೆ ಆಮೆ. ಮಕ್ಕಳ ಅಂಗಿಗೂ ಅದೇ ಚಿತ್ರದ ಬಿಲ್ಲೆ. ಮರುದಿನದಿಂದ ಒಂದು ಮಗುವೂ ದಾರಿ ತಪ್ಪಲಿಲ್ಲ. ಜಗಳ ಬಂದದ್ದು ದೊಡ್ಡವರಿಂದ. ಆಮೆ ಬಸ್ಸಿನ ಡ್ರೈವರು ಒಂದು ದಿನ ಕೀಲಿ ತಂದು ನನ್ನ ಮೇಜಿನ ಮೇಲಿಟ್ಟ.

“ಬ್ಯಾರೆ ಪ್ರಾಣಿ ಕೊಡ್ರಿ ಅಕ್ಕೋರ. ಐದು ಮಿನಿಟು ತಡ ಆದ್ರೂ ಸಾಕು, ‘ಹೆಸರು ಬರೋಬ್ಬರಿ ಇಟ್ಟಾರ’ ಅಂತ ಊರ ಮಂದಿ ನಗಾಕತ್ತಾರ.”

ಅವನಿಗೆ ಕುದುರೆ ಕೊಟ್ಟೆವು. ಬಸ್ಸು ಮೊದಲಿನಷ್ಟೇ ತಡವಾಗಿ ಬರುತ್ತಿತ್ತು, ಆದರೆ ಅವನು ಮೀಸೆ ತಿರುವುತ್ತ ಇಳಿಯುತ್ತಿದ್ದ.

ಬಾಗೇವಾಡಿಗೆ ನಾನು ಬಂದ ವರ್ಷ ಚೇರಮನ್ ಸಾಹೇಬರು ಒಂದು ಗುಂಪಿನ ಜೊತೆ ಯುರೋಪು ನೋಡಲು ಹೋದರು. ಬರುವಾಗ ಗಡಿಯಾರ, ಚಾಕಲೇಟು ಎಲ್ಲರೂ ತರುತ್ತಾರೆ. ಇವರು ಒಂದು ಬಣ್ಣ ತಂದರು. ಶಿಕ್ಷಕರ ಕೋಣೆಯಲ್ಲಿ ಫೋನು ಎತ್ತಿ ಹಿಡಿದು ಲಂಡನ್ನಿನ ಕೆಂಪು ಬಸ್ಸು ತೋರಿಸಿದರು, ಒಂದರ ಮೇಲೊಂದು ಎರಡು ಮಜಲು. ಮೇಲಿನ ಕಿಟಕಿಯಲ್ಲಿ ಯೂನಿಫಾರ್ಮಿನ ಮಕ್ಕಳು.

“ನೋಡ್ರಿ ಅಕ್ಕೋರ, ಸಾಲಿ ಬಸ್ಸು ಅಂದ್ರ ಹಿಂಗಿರಬೇಕು.”

“ಅದು ಸಾಲಿ ಬಸ್ಸಲ್ರಿ ಸಾಹೇಬ್ರ, ಊರ ಬಸ್ಸು. ಅಲ್ಲಿ ಹುಡುಗೂರು ಪಾಸು ತೋರಿಸಿ ಎಲ್ಲಾರ ಜೋಡಿ ಹೋಗ್ತಾವ. ನಮ್ಮ ಸರಕಾರಿ ಬಸ್ಸಿದ್ದಂಗ.”

“ಎರಡು ಮಜಲಿಂದು ಅಂತೂ ನಮ್ಮ ಕರೆಂಟಿನ ವೈರಿಗೆ ತಗಲತೈತಿ. ಬಣ್ಣರೆ ಹಚ್ಚೂಣು.”

ಹಳದಿಯೇ ಇರಬೇಕೆಂಬ ನಿಯಮ ನೆನಪಿಸಿ, ಬೇಡವೆಂದು ಹೇಳಬೇಕಾದಷ್ಟು ಹೇಳಿದೆ. ಸಾಹೇಬರಿಗೆ ಪರದೇಶದ ಗಾಳಿ ಇನ್ನೂ ಮೈಮೇಲಿತ್ತು. ಹಳೆಯ ಬಸ್ಸೊಂದು ಬೇಸಿಗೆ ರಜೆಯಲ್ಲಿ ಕೆಂಪಾಯಿತು. ಶಾಲೆ ಶುರುವಾದ ದಿನ ಅದು ಮನಗೂಳಿ ದಾರಿಯಲ್ಲಿ ಮಕ್ಕಳನ್ನು ಕರೆದುಕೊಳ್ಳಲು ಹೊರಟಿತು, ನಾನೂ ಕುಳಿತಿದ್ದೆ. ಮೊದಲ ನಿಲುಗಡೆಯಲ್ಲಿ ಮಗುವಿಗಿಂತ ಮೊದಲು ಒಬ್ಬ ಮುದುಕಿ ಹತ್ತಿದಳು, ಕಂಕುಳಲ್ಲಿ ಒಂದು ಗಂಟು. ಆಗ ತಾನೆ ಸರಕಾರಿ ಬಸ್ಸಿನಲ್ಲಿ ಹೆಣ್ಣುಮಕ್ಕಳಿಗೆ ಪುಕ್ಕಟೆ ಆಗಿತ್ತು. ಮುದುಕಿ ಆಧಾರ್ ಕಾರ್ಡು ನನ್ನ ಮುಖದ ಮುಂದೆ ಹಿಡಿದು, “ಮನಗೂಳಿ ಒಂದು,” ಎಂದಳು.

“ಯಜಮಾನಿ, ಇದು ಸಾಲಿ ಬಸ್ಸು.”

“ಸಾಲಿ ಮುಂದ ಇಳಸಬ್ಯಾಡ, ಸಂತಿ ಕಡೆ ಇಳಸು.”

ಅವಳ ಹಿಂದೆ ಇನ್ನಷ್ಟು ಜನ ಹತ್ತಿದರು. ಒಬ್ಬ ಕಿಟಕಿಯಿಂದ ಟವೆಲ್ಲು ಹಾಕಿ ಸೀಟು ಹಿಡಿದ. ಕೆಂಪು ಕಂಡರೆ ಹತ್ತಬೇಕು ಎಂಬುದು ನಮ್ಮ ಜನಕ್ಕೆ ಹುಟ್ಟಿನಿಂದ ಬಂದ ಅಭ್ಯಾಸ, ಅದರಲ್ಲಿ ಅವರ ತಪ್ಪೇನೂ ಇಲ್ಲ. ಇಳಿಯಿರಿ ಎಂದದ್ದಕ್ಕೆ ಮುದುಕಿ ನನ್ನ ಮೇಲೆ ಡಿಪೋಕ್ಕೆ ಹೇಳುತ್ತೇನೆ ಎಂದು ಹೆದರಿಸಿ, ಸಂತೆಯ ಹತ್ತಿರವೇ ಇಳಿದಳು. ಸಾಹೇಬರಿಗೆ ಇದನ್ನು ಹೇಳಿದಾಗ, “ಲಂಡನ್ನಿನ್ಯಾಗ ಹಿಂಗ ಆಗಂಗಿಲ್ಲ,” ಎಂದರು. ಮುಂದಿನ ಭಾನುವಾರ ಬಸ್ಸು ಮತ್ತೆ ಹಳದಿಯಾಯಿತು.

ಕಡೆಯ ವರ್ಷಗಳು ಸಿಂದಗಿಯಲ್ಲಿ. ಅಲ್ಲಿ ನನಗೆ ಸಿಕ್ಕವನು ದಸ್ತಗೀರಸಾಬ, ಆಲಮೇಲದವನು. ಬಹಳ ವರ್ಷ ದುಬೈ ಕಡೆ ಶಾಲಾ ಬಸ್ಸು ಓಡಿಸಿ, ಇನ್ನು ಸಾಕೆಂದು ಊರಿಗೆ ಬಂದಿದ್ದ. ಅಲ್ಲಿ ಡ್ರೈವರು ಕೂರುವುದು ಎಡಕ್ಕೆ, ಗೇರು ಬಲಗೈಗೆ, ಮಕ್ಕಳ ಬಾಗಿಲು ಬಲಕ್ಕೆ. ಮೊದಲ ದಿನಗಳಲ್ಲಿ ಗೇರು ಹಾಕಲು ಹೋಗಿ ಬಲಗೈಯನ್ನು ಬಾಗಿಲಿಗೆ ಬಡಿದುಕೊಳ್ಳುತ್ತಿದ್ದ. ಶಾಲೆಯ ಅಂಗಳದಲ್ಲಿ ಕೆಲವು ದಿನ ಖಾಲಿ ಬಸ್ಸು ತಿರುಗಿಸಿದ ಮೇಲೆಯೇ ಅವನ ಕೈಗೆ ನಾನು ಮಕ್ಕಳನ್ನು ಕೊಟ್ಟದ್ದು.

ಅವನ ಬಾಯಲ್ಲಿ ದೇಶದೇಶದ ಬಸ್ಸುಗಳು ಬರುತ್ತಿದ್ದವು. ಒಟ್ಟಿಗೆ ವಾಸವಿದ್ದ ಡ್ರೈವರುಗಳು ಹಲವು ದೇಶದವರು. ಫಿಲಿಪೀನ್ಸಿನ ಗೆಳೆಯನ ಊರಿನಲ್ಲಿ ಮಕ್ಕಳು ಹತ್ತುವ ಉದ್ದನೆಯ ಜೀಪಿನಂಥ ಗಾಡಿಗಳಲ್ಲಿ ಒಂದರಂತೆ ಒಂದಿರುವುದಿಲ್ಲವಂತೆ, ಮೈತುಂಬ ಚಿತ್ತಾರವಂತೆ. “ನಮ್ಮ ಮಹಾಂತೇಶ ಅಲ್ಲಿ ಹುಟ್ಟಬೇಕಿತ್ತು,” ಎಂದುಕೊಂಡೆ. ದಸ್ತಗೀರಸಾಬ ದುಬೈಯಿಂದ ತಂದ ಒಂದು ಅಭ್ಯಾಸವನ್ನು ನಾನು ನಾಲ್ಕೂ ಶಾಲೆಗಳಿಗೆ ಕಡ್ಡಾಯ ಮಾಡಿಸಿದೆ. ಕಡೆಯ ಮಗು ಇಳಿದ ಮೇಲೆ ಅವನು ಹಿಂದಿನ ಸೀಟಿನವರೆಗೆ ನಡೆದು, ಬಗ್ಗಿ, ಪ್ರತಿ ಸೀಟಿನ ಕೆಳಗೆ ನೋಡದೆ ಬಸ್ಸಿಗೆ ಬೀಗ ಹಾಕುತ್ತಿರಲಿಲ್ಲ. ಬಿಸಿಲಿನಲ್ಲಿ ಮುಚ್ಚಿದ ಬಸ್ಸಿನೊಳಗೆ ಮಲಗಿಬಿಟ್ಟ ಮಗುವಿಗೆ ಏನಾಗಬಹುದು ಎಂದು ಅಲ್ಲಿ ಅವರಿಗೆ ತರಬೇತಿಯಲ್ಲೇ ಹೇಳುತ್ತಿದ್ದರಂತೆ. ನಮ್ಮಲ್ಲಿ ಹಾಗೆ ಸಿಕ್ಕವನು ಮಲಗಿರಲಿಲ್ಲ. ಗಣಿತದ ಪರೀಕ್ಷೆಯ ದಿನ ಸೀಟಿನ ಕೆಳಗೆ ಡಬ್ಬಿ ಬಿಚ್ಚಿಕೊಂಡು ಆರಾಮಾಗಿ ಉಪ್ಪಿಟ್ಟು ತಿನ್ನುತ್ತಿದ್ದ.

ಆಲಮೇಲದ ದಾರಿಯಲ್ಲಿ ಒಂದು ತೋಟದ ವಸ್ತಿಯಿತ್ತು, ಹೊಲದಲ್ಲೇ ಮನೆ ಕಟ್ಟಿಕೊಂಡ ನಾಲ್ಕಾರು ಕುಟುಂಬ. ಅಲ್ಲಿಂದ ಬರುತ್ತಿದ್ದವರಲ್ಲಿ ಒಂದನೆಯ ತರಗತಿಯ ಸಾವಿತ್ರಿ ಚಿಕ್ಕವಳು. ಬೆಳಿಗ್ಗೆ ಬಸ್ಸು ಆಲಮೇಲದಿಂದ ಬರುವಾಗ ವಸ್ತಿ ಎಡಕ್ಕೇ ಸಿಗುತ್ತದೆ, ಮಕ್ಕಳು ಸೀದಾ ಹತ್ತುತ್ತಾರೆ. ಸಂಜೆ ಸಿಂದಗಿಯಿಂದ ಹೋಗುವಾಗ ವಸ್ತಿ ಬಲಕ್ಕೆ. ಇಳಿದು ರಸ್ತೆ ದಾಟಬೇಕು. ಆಯಾ ನೀಲವ್ವ ಮೊದಲು ಇಳಿದು, ಕೈ ಹಿಡಿದು ದಾಟಿಸಬೇಕು ಎಂಬುದು ನಿಯಮ. ಅದನ್ನು ಅವಳು ಎಂದೂ ಬಿಟ್ಟವಳಲ್ಲ.

ಕಬ್ಬಿನ ಹಂಗಾಮು. ಎರಡೆರಡು ಟ್ರೇಲರು ಕಟ್ಟಿಕೊಂಡು, ಹಾಡು ಜೋರಾಗಿ ಹಚ್ಚಿಕೊಂಡು, ಟ್ರ್ಯಾಕ್ಟರುಗಳು ಕಾರ್ಖಾನೆಗೆ ಹೋಗುತ್ತಿದ್ದವು. ಆ ಸಂಜೆ ನಾನೂ ಬಸ್ಸಿನಲ್ಲಿದ್ದೆ. ನೀಲವ್ವ ಇಳಿದಳು, ಹಿಂದೆಯೇ ಸಾವಿತ್ರಿ ಇಳಿದಳು. ಮೂರನೆಯವನ ಚೀಲದ ಪಟ್ಟಿ ಬಾಗಿಲಿಗೆ ಸಿಕ್ಕಿಕೊಂಡಿತು, ನೀಲವ್ವ ಅದನ್ನು ಬಿಡಿಸಲು ತಿರುಗಿದಳು. ಅಷ್ಟರಲ್ಲಿ ಆಚೆ ಬದಿಯಿಂದ ಸಾವಿತ್ರಿಯ ಅಜ್ಜಿ, “ಬಾರವ್ವ, ಕರು ಹಾಕೇತಿ,” ಎಂದು ಕೂಗಿದಳು. ಮಗು ಬಸ್ಸಿನ ಮೂತಿ ದಾಟಿ ಓಡಿತು.

ಬ್ರೇಕಿನ ಸದ್ದು ಕೇಳಿತು. ಆಮೇಲೆ ಕಬ್ಬು ಜಾರಿ ಬೀಳುವ ಸದ್ದು, ಬಹಳ ಹೊತ್ತಿನವರೆಗೆ. ನಾನು ಇಳಿದು ಓಡಿದೆ. ಟ್ರ್ಯಾಕ್ಟರು ಅಡ್ಡ ತಿರುಗಿ ನಿಂತಿತ್ತು. ಅದರ ಗಾಲಿಗೂ ಮಗುವಿಗೂ ನಡುವೆ ಒಂದು ಮಾರು ಜಾಗವಿತ್ತೇನೋ. ಸಾವಿತ್ರಿ ಚೀಲ ಹೊತ್ತು, ಸುತ್ತ ಬಿದ್ದ ಕಬ್ಬಿನ ನಡುವೆ ನಿಂತಿದ್ದಳು. ಗೀಚಿಕೊಂಡ ಗುರುತೂ ಇರಲಿಲ್ಲ. ನನ್ನನ್ನು ನೋಡಿ, “ಮೇಡಂ, ನಾ ಬೀಳಿಸಿಲ್ರಿ,” ಎಂದಳು.

ದಸ್ತಗೀರಸಾಬ ಸ್ಟೇರಿಂಗಿನ ಮೇಲೆ ಹಣೆ ಇಟ್ಟು ಕುಳಿತಿದ್ದ. ಮರುದಿನ ಬೆಳಿಗ್ಗೆ ಬಂದವನೇ ಹೇಳಿದ.

“ಅಕ್ಕೋರ, ದುಬೈದಾಗ ಬಸ್ಸಿನ ಮಗ್ಗಲಿಗೆ ಒಂದು ಕೆಂಪ ಬೋರ್ಡು ಇರ್ತೈತ್ರಿ. ಬಸ್ಸು ನಿಂತ ಕೂಡ್ಲೆ ಅದು ಕೈ ಚಾಚಿದಂಗ ಹೊರಗ ಬರ್ತೈತಿ. ಅದು ಕಂಡ್ರ ಎಂಥಾ ದೊಡ್ಡ ಮನಶಾನ ಗಾಡಿ ಇದ್ರೂ ನಿಂದರಬೇಕು. ಇಲ್ಲಂದ್ರ ಭಾರಿ ದಂಡ. ನಾವೂ ಮಾಡೂಣ್ರಿ.”

ಸಿಂದಗಿಯ ವೆಲ್ಡಿಂಗ್ ಅಂಗಡಿಯಲ್ಲಿ ಎಂಟು ಮೂಲೆಯ ತಗಡು ಸಿದ್ಧವಾಯಿತು, ಒಂದು ಕಬ್ಬಿಣದ ಹಿಡಿಕೆ ಎಳೆದರೆ ಬಸ್ಸಿನ ಬಲಮಗ್ಗಲಿನಿಂದ ಹೊರಗೆ ಬರುವ ಹಾಗೆ. ಅದರ ಮೇಲೆ ಏನು ಬರೆಸುವುದು ಎಂದು ವಾದವಾಯಿತು. ನಾನು ‘ನಿಲ್ಲಿ’ ಎಂದೆ.

“ಹಂಗ ಬರದ್ರ ಪುಸ್ತಕದಾಗಿಂದು ಅಂತ ಓದ್ಕೊಂಡು ಮುಂದ ಹೋಗ್ತಾರ್ರಿ,” ಎಂದ ದಸ್ತಗೀರಸಾಬ. “‘ನಿಂದರ್ರಿ’ ಅಂತ ಬರಸ್ರಿ. ಯಾರೋ ಕರದಂಗ ಆಗ್ತೈತಿ.”

‘ನಿಂದರ್ರಿ’ ಎಂದೇ ಬರೆಸಿದೆವು. ಅವನ ಮಾತು ಸುಳ್ಳಾಗಲಿಲ್ಲ. ಮೊದಲ ಸಂಜೆ ಬೋರ್ಡು ಹೊರಗೆ ಬಂದ ಕೂಡಲೇ ಒಬ್ಬ ಬೈಕಿನವನು ನಿಂತ. ನಿಂತು, ಇಳಿದು, ತೋಳು ಏರಿಸಿ, “ಏನ ಕೆಟ್ಟೇತ್ರಿ? ನೂಕಬೇಕೇನು?” ಎಂದು ಕೇಳಿದ. ಇನ್ನೊಬ್ಬ ಪೊಲೀಸ್ ತಪಾಸಣೆ ಎಂದು ತಿಳಿದು, ಹೆಲ್ಮೆಟ್ ಇಲ್ಲದ ತಲೆ ಮುಟ್ಟಿಕೊಂಡು, ಬಂದ ದಾರಿಗೇ ತಿರುಗಿ ಹೋದ. ಸರಕಾರಿ ಬಸ್ಸಿನವನು ನಿಂತು ವಿಳಾಸ ಕೇಳುತ್ತೇವೆಂದುಕೊಂಡು ನಾವು ಕೇಳದ ಊರಿಗೆಲ್ಲ ದಾರಿ ಹೇಳಿದ. ಎಮ್ಮೆಗಳು ಓದಲಿಲ್ಲ. ಕಬ್ಬಿನ ಟ್ರ್ಯಾಕ್ಟರುಗಳು ಮಾತ್ರ ಹಾರ್ನ್ ಬಾರಿಸುತ್ತ ಹಾಗೇ ಹೋದವು. ಯಾವುದಕ್ಕೆ ಬೋರ್ಡು ಹಾಕಿದ್ದೆವೋ ಅದೇ ನಿಲ್ಲಲಿಲ್ಲ.

ದಸ್ತಗೀರಸಾಬನ ಮುಖ ಕಪ್ಪಿಟ್ಟಿತು. ಭಾನುವಾರ ಇಬ್ಬರೂ ಕಾರ್ಖಾನೆಯ ಅಂಗಳಕ್ಕೆ ಹೋದೆವು. ಪಾಳಿ ಬರುವವರೆಗೆ ಟ್ರ್ಯಾಕ್ಟರಿನವರು ಅಲ್ಲಿ ಗಂಟೆಗಟ್ಟಲೆ ಕಾಯುತ್ತಾರೆ. ಚಹಾದಂಗಡಿಯ ಮುಂದೆ ಕಬ್ಬಿನ ತುಂಡುಗಳನ್ನು ನೆಲದ ಮೇಲಿಟ್ಟು, ಇದು ರಸ್ತೆ, ಇದು ಬಸ್ಸು ಎಂದು ನಾನು ಪಾಠ ಶುರು ಮಾಡಿದೆ. ಅವರು ಗದ್ದಲ ಮಾಡದೆ ಕೇಳಿದರು. ಕಡೆಗೆ ತೆಳ್ಳಗಿನ ಒಬ್ಬ ಎದ್ದು ನಿಂತ. ಅಂದು ಬ್ರೇಕು ಹಾಕಿದವನು ಅವನೇ, ಹೆಸರು ಸಿದ್ದು.

“ಅಕ್ಕೋರ, ನಮಗೂ ಮಕ್ಕಳದಾವ್ರಿ. ನಿಂದರಬಾರ್ದು ಅಂತಲ್ಲ. ಲೋಡ್ ಇದ್ದಾಗ ಒಮ್ಮಿಗೇ ಬ್ರೇಕ್ ಹೊಡದ್ರ ಹಿಂದಿನ ಟ್ರೇಲರ್ ಮುಂದಕ್ಕ ಬರ್ತೈತಿ. ಅವತ್ತು ದೇವರು ದೊಡ್ಡವ. ಇನ್ನೊಮ್ಮಿ ಹಂಗ ನಿಂದ್ರತೈತಿ ಅಂತ ನಾ ಮಾತು ಕೊಡಂಗಿಲ್ಲ.”

“ಹಂಗಾದ್ರ ಏನ ಮಾಡೂಣಪ್ಪ?”

“ನಿಮ್ಮ ಬಸ್ಸಿಗೆ ಲೋಡ್ ಇಲ್ಲಲ್ರಿ. ಮುಂದ ಪೆಟ್ರೋಲ್ ಬಂಕ್ ಐತಿ, ಅಲ್ಲಿ ತಿರುಗಿಸಿಕೊಂಡು ಬಂದು ವಸ್ತಿ ಕಡೆನ ಇಳಸ್ರಿ. ಆಮ್ಯಾಲ ಕ್ರಾಸಿನ್ಯಾಗ ಮತ್ತ ತಿರುಗಿಸಿ ಆಲಮೇಲಕ್ಕ ಹೋಗ್ರಿ. ಹುಡುಗೂರು ರಸ್ತಾಕ್ಕ ಬರೂದ ಬ್ಯಾಡ.”

ದಸ್ತಗೀರಸಾಬ ನೆಲದ ಮೇಲಿನ ಕಬ್ಬಿನ ಬಸ್ಸನ್ನು ಎತ್ತಿ, ತಿರುಗಿಸಿ, ಆಚೆ ಬದಿಗೆ ಇಟ್ಟ. ಅಷ್ಟು ಸರಳವಾದದ್ದು ನಮಗಿಬ್ಬರಿಗೂ ಹೊಳೆದಿರಲಿಲ್ಲ. ನಾವು ಇಡೀ ರಸ್ತೆಯನ್ನು ನಿಲ್ಲಿಸಲು ಹೊರಟಿದ್ದೆವು.

ಆದರೆ ಚೇರಮನ್ ಸಾಹೇಬರು ಒಪ್ಪಲಿಲ್ಲ. ದಿನಾ ಎರಡು ಸಲ ಬಸ್ಸು ತಿರುಗಿಸುವುದು, ಆಲಮೇಲದ ಮಕ್ಕಳಿಗೆ ತಡ, ಅವರ ಪಾಲಕರ ದೂರು. “ರಸ್ತಾ ದಾಟೂದು ಏನ ದೊಡ್ಡ ಮಾತು ಅಕ್ಕೋರ? ನಾವು ಹಳ್ಳ ದಾಟಿ ಸಾಲಿ ಕಲ್ತೇವಿ,” ಎಂದರು.

“ಹಂಗಾರ ನೀವ ಒಂದಿನ ಬಂದು ದಾಟಿ ನೋಡ್ರಿ,” ಎಂದೆ. ನಿವೃತ್ತಿ ಹತ್ತಿರ ಬಂದವರ ನಾಲಿಗೆ ಸ್ವಲ್ಪ ಸಡಿಲವಿರುತ್ತದೆ.

ಅವರು ಬಂದರು. ಹಿಂದೆ ಸರಿಯುವ ಸ್ವಭಾವ ಅವರದಲ್ಲ. ಸಂಜೆ ವಸ್ತಿಯ ಹತ್ತಿರ ಬಸ್ಸು ನಿಂತಿತು, ದಸ್ತಗೀರಸಾಬ ಬೋರ್ಡು ಚಾಚಿದ. ಸಾಹೇಬರು ಇಳಿದು, ಧೋತರದ ಚುಂಗು ಕೈಯಲ್ಲಿ ಹಿಡಿದು, ಬಸ್ಸಿನ ಮೂತಿಯ ಹತ್ತಿರ ನಿಂತರು. ಒಂದು ಹೆಜ್ಜೆ ಮುಂದಿಟ್ಟರು. ಟ್ರ್ಯಾಕ್ಟರು ಬಂತು, ಹಿಂದೆ ಸರಿದರು. ಅದು ದಾಟಿತೆಂದು ಮುಂದಿಟ್ಟರು, ಎದುರಿನಿಂದ ಲಾರಿ ಬಂತು, ಮತ್ತೆ ಹಿಂದೆ. ಧೂಳಿನಲ್ಲಿ ಬಿಳಿ ಅಂಗಿ ಬಣ್ಣ ಬದಲಿಸತೊಡಗಿತು. ಹೀಗೆ ಬಹಳ ಹೊತ್ತು ನಡೆಯಿತು. ನೀಲವ್ವ ಪಕ್ಕದಲ್ಲೇ ಸಾವಿತ್ರಿಯ ಕೈ ಗಟ್ಟಿಯಾಗಿ ಹಿಡಿದು ನಿಂತಿದ್ದಳು. ಸಾವಿತ್ರಿ ಸಾಹೇಬರನ್ನು ನೋಡುತ್ತ ನೋಡುತ್ತ ತನ್ನ ಇನ್ನೊಂದು ಕೈ ಚಾಚಿದಳು.

“ಹೆದರಬ್ಯಾಡ್ರಿ ಅಜ್ಜಾ. ನನ್ನ ಕೈ ಹಿಡೀರಿ. ನೀಲವ್ವ ದಾಟಸ್ತಾಳ.”

ಸಾಹೇಬರು ಹಿಡಿದರು. ರಸ್ತೆ ಖಾಲಿಯಾಗುವವರೆಗೆ ಕಾದು, ನೀಲವ್ವ ಇಬ್ಬರನ್ನೂ ದಾಟಿಸಿದಳು. ಆಚೆ ಬದಿಯಲ್ಲಿ ಸಾವಿತ್ರಿಯ ಅಜ್ಜಿ ಹೊರಸು ಹಾಕಿ, ತಂಬಿಗೆಯಲ್ಲಿ ನೀರು ಕೊಟ್ಟಳು. ಸಾಹೇಬರು ನೀರು ಕುಡಿದರು, ಕರು ನೋಡಿದರು, ಚಹಾ ಕುಡಿದರು. ಇನ್ನು ಮರಳಿ ಬಸ್ಸಿಗೆ ಬರಬೇಕು. ರಸ್ತೆಯ ಅಂಚಿಗೆ ಬಂದು ನಿಂತು ಎರಡೂ ಕಡೆ ನೋಡಿದರು. ಸಾವಿತ್ರಿ ಆಗಲೇ ಮನೆಯೊಳಗೆ ಹೋಗಿದ್ದಳು, ನೀಲವ್ವ ಉಳಿದ ಮಕ್ಕಳಿಗಾಗಿ ಬಸ್ಸಿಗೆ ಮರಳಿದ್ದಳು. ನಾನು ಈಚೆಯಿಂದ ನೋಡುತ್ತಲೇ ಇದ್ದೆ. ಕಡೆಗೆ ಸಾಹೇಬರು ಕೈ ಬಾಯಿಗೆ ಹಚ್ಚಿ ಕೂಗಿದರು.

“ದಸ್ತಗೀರ, ಬಸ್ಸು ಈ ಕಡೆ ತಗೊಂಡು ಬಾರಪಾ.”

ದಸ್ತಗೀರಸಾಬ ಬೋರ್ಡು ಒಳಗೆಳೆದು ಬಸ್ಸು ಹೊರಡಿಸಿದ. ಬಂಕಿನಲ್ಲಿ ತಿರುಗಿಸಿಕೊಂಡು ಬಂದು, ವಸ್ತಿಯ ಮುಂದೆ, ಸಾಹೇಬರ ಕಾಲ ಹತ್ತಿರವೇ ಬಾಗಿಲು ಬರುವ ಹಾಗೆ ನಿಲ್ಲಿಸಿದ. ಸಾಹೇಬರು ಹತ್ತಿ ಮುಂದಿನ ಸೀಟಿನಲ್ಲಿ ಕುಳಿತರು. ಸ್ವಲ್ಪ ದೂರ ಹೋದ ಮೇಲೆ, ಕಿಟಕಿಯ ಹೊರಗೆ ನೋಡುತ್ತಲೇ, “ನಾಳಿಂದ ಹಿಂಗ ಮಾಡ್ರಿ,” ಎಂದರು. ಆಲಮೇಲದ ಪಾಲಕರ ಸಭೆಗೆ ತಾವೇ ಹೋಗಿ, ಹತ್ತು ಮಿನಿಟು ತಡವಾದರೆ ಯಾರ ಗಂಟೂ ಹೋಗುವುದಿಲ್ಲ ಎಂದು ಹೇಳಿ ಬಂದರು.

ಹೊಸದಾಗಿ ಈ ಕೆಲಸಕ್ಕೆ ಬರುವವರು ಪರದೇಶದ್ದನ್ನೆಲ್ಲ ಕೇಳಿ ತಿಳಿದುಕೊಳ್ಳಿ, ಜಪಾನಿನ ಬೆಕ್ಕು ನನ್ನನ್ನು ಕಾಪಾಡಿದೆ. ಆದರೆ ನಿಮ್ಮ ಬಸ್ಸಿನ ಮಕ್ಕಳು ಎಲ್ಲಿ ಇಳಿಯುತ್ತಾರೋ ಅಲ್ಲಿ ನೀವೂ ಒಮ್ಮೆ ಇಳಿದು, ಮನೆಯವರೆಗೆ ನಡೆದು ನೋಡಿ.

ನಿವೃತ್ತಿಗೆ ಮುಂಚಿನ ಕೊನೆಯ ವಾರ ನಾನು ಎಲ್ಲ ದಾರಿಗಳಲ್ಲೂ ಒಂದೊಂದು ಸಂಜೆ ಹೋಗಿಬಂದೆ. ಆಲಮೇಲದ ಸರದಿಯ ದಿನ ಸಾವಿತ್ರಿ ನನ್ನ ಪಕ್ಕದಲ್ಲೇ ಕುಳಿತಿದ್ದಳು, ಉದ್ದವಾಗಿದ್ದಳು, ಮುಂದಿನ ಎರಡು ಹಲ್ಲು ಹೊಸದಾಗಿ ಬಂದಿದ್ದವು. ಬಸ್ಸು ಬಂಕಿನಲ್ಲಿ ತಿರುಗಿ ವಸ್ತಿಯ ಕಡೆ ಬಂತು.

“ಮೊದಲ ಆ ಕಡೆ ಇಳಿದು ರಸ್ತಾ ದಾಟ್ತಿದ್ದಿ, ನೆನಪೈತೇನವಾ?” ಎಂದು ಕೇಳಿದೆ.

ಅವಳು ಸ್ವಲ್ಪ ಯೋಚಿಸಿದಳು.

“ಇಲ್ರಿ ಮೇಡಂ. ಬಸ್ಸು ಯಾವಾಗ್ಲೂ ನಮ್ಮ ಮನಿ ಕಡೇನ ನಿಂದ್ರತೈತಲ್ರಿ.”

ನೀಲವ್ವ ಬಾಗಿಲು ತೆರೆದಳು. ಸಾವಿತ್ರಿ ಇಳಿದು, ಹಿಂದೆ ತಿರುಗಿ ನೋಡದೆ, ಮನೆಯ ಕಡೆ ಓಡಿದಳು.